ಕೇದಾರ ಎಂದರೆ ಎರಡು ನಂದಿ

ಜನವರಿ 14, 1972. ಸಂಕ್ರಾಂತಿ

ನಲ್ಲೂರಿನ ವೆಂಕಟರಾಯಪ್ಪನೆಂಬ ನಾನು ಒಂದು ವರ್ಷದ ಕೂಸಾಗಿದ್ದಾಗಲೇ ನಂದಿಬೆಟ್ಟವನ್ನು ಅಂಬೆಗಾಲಿಟ್ಟು ಹತ್ತಿ, ಮೇಲೆ ದೇವರಿಗೆ ಕೈಮುಗಿದು, ಹಾಲು ಕುಡಿಯುವ ಹೊತ್ತಿಗೆ ಸರಿಯಾಗಿ ಅವ್ವನ ಮಡಿಲಿಗೆ ವಾಪಸು ಬಂದವನು. ಇದನ್ನು ಕಣ್ಣಾರೆ ಕಂಡವರೆಲ್ಲ ಸತ್ತುಹೋಗಿದ್ದಾರೆ. ಅದು ನನ್ನ ತಪ್ಪಲ್ಲ.

ಇಂಥವನು ಹಿಮಾಲಯಕ್ಕೆ ಹೊರಟಿದ್ದಾನೆ ಎಂದರೆ ಊರಿನವರು ಏನು ಮಾಡಬೇಕಿತ್ತು? ಇವತ್ತು ಎಳ್ಳು ಹಿಡಿದು ಬಂದವರೆಲ್ಲ ನನ್ನ ಜಗುಲಿಯ ಮೇಲೆ ಕೂತು, ನನ್ನ ಬೀಡಿ ಸೇದಿ, ನನ್ನ ಗೋಡೆಯ ಬುಡಕ್ಕೇ ಕ್ಯಾಕರಿಸಿ ಉಗಿದು, "ಈ ವಯಸ್ನಾಗೆ ಯಾಕ್ ಮಾವ? ಕಾಶಿಗೆ ಹೋದೋನೂ ಕಾಡಿಗೆ ಹೋದೋನೂ ಒಂದೇ" ಎಂದು ಹೇಳಿ ಎದ್ದು ಹೋದರು. ಊರಿಗೆಲ್ಲ ನಾನು ಮಾವ. ಮಾವನ ಗೋಡೆಗೆ ಉಗಿಯುವುದಕ್ಕೆ ಯಾರ ಅಪ್ಪಣೆಯೂ ಬೇಡ. ಎಳ್ಳಿನ ಜೊತೆ ಕೊಟ್ಟ ಕಬ್ಬಿನ ತುಂಡೊಂದನ್ನು ಯಾವನೋ ಆಗಲೇ ಒಂದು ಕಡೆ ಕಚ್ಚಿದ್ದ. ಥೂ.

ವಿಷಯ ಇಷ್ಟು. ದೇವನಹಳ್ಳಿಯ ಪಿಳ್ಳಪ್ಪ, ಚಕ್ಕೋತದ ವ್ಯಾಪಾರಿ, ನನ್ನ ಜೊತೆ ಒಂದೇ ಬೆಂಚಿನಲ್ಲಿ ಕೂತು ಮಿಡ್ಲ್ ಸ್ಕೂಲು ಫೇಲಾದವನು. ಎರಡು ವರ್ಷದ ಕೆಳಗೆ ಕಾಶಿಗೆ ಹೋಗಿ ಬಂದ ಮೇಲೆ ಅವನಿಗೆ ಕೊಂಬು ಬಂದಿದೆ. ಕಾಶಿಗೆ ಹೋದವರು ತಮಗೆ ಇಷ್ಟವಾದ ಒಂದು ಪದಾರ್ಥ ಬಿಟ್ಟು ಬರಬೇಕಲ್ಲ, ಈ ಖದೀಮ ಹಾಗಲಕಾಯಿ ಬಿಟ್ಟು ಬಂದ. ಹುಟ್ಟಿದಾರಭ್ಯ ಅದನ್ನು ಬಾಯಿಗೆ ಇಟ್ಟವನಲ್ಲ. ಈಗ ಮೇ ತಿಂಗಳಲ್ಲಿ ಗುಡಿಯ ಬಾಗಿಲು ತೆರೆಯುವ ಹೊತ್ತಿಗೆ ಹತ್ತು ಜನರ ತಂಡ ಕಟ್ಟಿ ಕೇದಾರಕ್ಕೆ ಕರೆದುಕೊಂಡು ಹೋಗುತ್ತಾನಂತೆ. ರೈಲು, ಆಮೇಲೆ ಬಸ್ಸು, ಬಸ್ಸು ನಿಂತ ಕಡೆಯಿಂದ ಕಾಲ್ನಡಿಗೆ. ಅವನ ಹಿಂದೆ ನಡೆಯುವುದು ನನ್ನ ಹಣೆಬರಹ.

ದಂಪತಿ ಹೋದರೇ ಪುಣ್ಯ ಪೂರ್ತಿ ಎನ್ನುತ್ತಾರೆ. ಹಾಗಾಗಿ ನಮ್ಮ ಮನೆಯವಳನ್ನೂ ಹೊರಡಿಸಬೇಕು. ಖರ್ಚು ಅವಳ ಹುಣಸೆ ಹಣದಲ್ಲಿ. ಅವಳಪ್ಪ ಕೊಟ್ಟ ಎರಡು ಮರ ಇವೆ. ಕುಟ್ಟುವುದು ಅವಳು, ಲೆಕ್ಕ ಇಡುವುದು ನಾನು.

ಜನವರಿ 19

ನನ್ನ ಅಕ್ಕನ ಮಗಳು ಭಾಗ್ಯಮ್ಮ ನಮ್ಮ ಮನೆಯಲ್ಲೇ ಇದ್ದು ದೇವನಹಳ್ಳಿಯ ಸ್ಕೂಲಿನಲ್ಲಿ ಪಾಠ ಹೇಳುತ್ತಾಳೆ. ಸಾಯಂಕಾಲ ಭೂಗೋಳದ ಪುಸ್ತಕ ತಂದಳು. ಕೇದಾರದ ಎತ್ತರ ಹನ್ನೊಂದು ಸಾವಿರದ ಏಳುನೂರು ಅಡಿ. ನಮ್ಮ ನಂದಿ ನಾಲ್ಕು ಸಾವಿರದ ಎಂಟುನೂರು ಚಿಲ್ಲರೆ. ಕೂತಲ್ಲೇ ಭಾಗಿಸಿದೆ. ಎರಡೂವರೆ ನಂದಿಯೂ ಇಲ್ಲ! ಇಷ್ಟಕ್ಕೆ ಆ ಪಿಳ್ಳಪ್ಪ ಹಿಮಾಲಯ ಹಿಮಾಲಯ ಎಂದು ಎಂಜಲು ಹಾರಿಸುತ್ತಾನೆ.

ಭಾಗ್ಯ ಮೂಗು ತೂರಿಸಿದಳು. "ಮಾವ, ಆ ಅಡಿಯೆಲ್ಲ ಸಮುದ್ರದಿಂದ ಎಣಿಸೋದು. ನಾವು ಕೂತಿರೋ ಈ ಜಗುಲೀನೇ ಮೂರು ಸಾವ್ರ ಅಡಿ ಮೇಲಿದೆ."

"ಈ ಜಗುಲೀನಾ?"

"ಹೂಂ. ನಲ್ಲೂರು ಪೂರ್ತಿ."

"ಹಂಗಾದ್ರೆ ಕೇದಾರದಲ್ಲಿ ಮೂರು ಸಾವ್ರ ಅಡಿ ನಾನಾಗ್ಲೇ ಹತ್ತಿಬಿಟ್ಟಿದ್ದೀನಿ ಅಂತಾಯ್ತಲ್ಲೇ!"

"ಅಯ್ಯೋ, ಆಗ ನಂದೀಲೂ ಮೂರು ಸಾವ್ರ ಕಳೀಬೇಕು ಮಾವ."

"ನಂದಿ ನಮ್ದು ಕಣೇ. ನಮ್ದರಲ್ಲಿ ಯಾಕೆ ಕಳೀತೀಯಾ?"

ಅವಳು ಹಣೆ ಚಚ್ಚಿಕೊಂಡು ಒಳಗೆ ಹೋದಳು. ಟ್ರೈನಿಂಗ್ ಮಾಡಿದ ಹುಡುಗಿಯರಿಗೆ ಮನೆಯ ಆಸ್ತಿಯನ್ನು ಕಳೆಯುವುದರಲ್ಲೇ ಉಮೇದು. ನಾನು ಕೇದಾರದಲ್ಲಿ ಮಾತ್ರ ಕಳೆದೆ. ಉಳಿದದ್ದು ಎರಡು ನಂದಿ, ಅದೂ ಪೂರ್ತಿ ಇಲ್ಲ. ಬೆಳಿಗ್ಗೆ ಒಂದು, ಊಟ ಮಾಡಿ ಒಂದು. ಮುಗಿಯಿತು ಹಿಮಾಲಯ.

ನಮ್ಮವಳು ಹುಣಸೆ ಕುಟ್ಟುತ್ತಿದ್ದ ಕಡೆಯಿಂದಲೇ, "ಅಲ್ಲಿ ಹಿಮ ನೆಲದ ಮ್ಯಾಲೇ ಇರ್ತದೇನವ್ವ ಭಾಗ್ಯ?" ಎಂದು ಕೇಳಿದಳು. ಲೆಕ್ಕದ ಹೊತ್ತಿನಲ್ಲಿ ಇಂಥ ಪ್ರಶ್ನೆ.

ಜನವರಿ 30

ಬೆಂಗಳೂರಿಗೆ ಹೋಗಿ ಗುಜರಿಯಲ್ಲಿ ಚಳಿಗೆಂದು ಉಣ್ಣೆಯ ಕೋಟು ತಂದೆ. ಮಿಲಿಟರಿಯದ್ದು. ಸಾಬರು ಅದು ಕರ್ನಲ್ಲನದು ಎಂದರು. ಮನೆಗೆ ತಂದು ಜೇಬಿಗೆ ಕೈ ಹಾಕಿದರೆ ಕರ್ನಲ್ಲ ಸಿಂಬಳ ಒರೆಸಿ ಬಿಟ್ಟ ಕರ್ಚೀಫು, ಒಣಗಿ ಹಪ್ಪಳವಾದದ್ದು, ಬೆರಳಿಗೆ ಸಿಕ್ಕಿತು. ಮುರಿದರೆ ಚೂರಾಗುತ್ತದೆ. ಕೋಟಿನ ಕಂಕುಳಲ್ಲಿ ಎರಡು ಯುದ್ಧಗಳ ಬೆವರಿದೆ. ಹಾಕಿಕೊಂಡು ನಿಂತೆ, ಸತ್ತವನು ಹಿಂದಿನಿಂದ ತಬ್ಬಿಕೊಂಡಂತಾಯಿತು. ಕಳಚಿ ಬಿಸಾಕಿದೆ.

ನಮ್ಮವಳು ಅದನ್ನು ಕೋಲಿನ ತುದಿಯಲ್ಲಿ ಎತ್ತಿಕೊಂಡು ಹೋಗಿ ಸೀಗೆಪುಡಿ ಹಾಕಿ ನೆನೆಸಿದ್ದಾಳೆ. ಕೈ ತೊಳೆದೆ. ಮತ್ತೆ ತೊಳೆದೆ. ರಾತ್ರಿಯ ಮುದ್ದೆ ಸೇರಲಿಲ್ಲ.

ಫೆಬ್ರವರಿ 13

ಮೊದಲನೆಯ ಅಭ್ಯಾಸ. ಮೊದಲ ಬಸ್ಸಿಗೆ ಹೋಗಿ ಸುಲ್ತಾನಪೇಟೆಯ ಕಡೆಯ ಮೆಟ್ಟಿಲಿನಿಂದ ನಂದಿ ಹತ್ತಿದೆವು. ನಾನು ಹೊಸ ಕ್ಯಾನ್ವಾಸ್ ಬೂಟು, ಅವಳು ಬರಿಗಾಲು, ತಲೆಯ ಮೇಲೆ ಬುತ್ತಿಗಂಟು.

ದೇವರಿರುವ ಬೆಟ್ಟಕ್ಕೆ ಜನ ಏನು ಮಾಡುತ್ತಾರೆ ಎಂದು ನೋಡಬೇಕಾದರೆ ಮೆಟ್ಟಿಲು ನೋಡಬೇಕು. ಎಲೆಅಡಿಕೆಯ ಕೆಂಪು, ಮಕ್ಕಳ ಹೇಲು, ಉಂಡು ಬಿಸಾಕಿದ ಎಲೆ, ಎಲೆಯ ಮೇಲೆ ಕೋತಿ. ಒಂದು ಕಡೆ ಕೈ ಊರಿದರೆ ಜಿಡ್ಡು. ಏನೆಂದು ನೋಡದೆ ಕಲ್ಲಿಗೆ ಉಜ್ಜಿದೆ. ಹೊಸ ಬೂಟು ಹಿಮ್ಮಡಿಯನ್ನು ಕಚ್ಚಿ ಗುಳ್ಳೆ ಎಬ್ಬಿಸಿತು. ಹೊಲಿದವನ ಕೈ ಬಿದ್ದುಹೋಗ. ಉಸಿರು ಕಟ್ಟಿದ್ದು ಬೂಟಿನಿಂದಲೇ. ಕಾಲು ಬಿಗಿದರೆ ಎದೆಯೂ ಬಿಗಿಯುತ್ತದೆ ಎಂಬುದು ತಿಳಿದವರಿಗೆ ಗೊತ್ತು.

ನಡುವೆ ನಿಲ್ಲಬೇಕಾಯಿತು, ನೋಟ ನೋಡುವುದಕ್ಕೆ. ಮಂಜಿನಲ್ಲಿ ನೋಟವೇನೂ ಕಾಣಲಿಲ್ಲ. ಇವಳು ಮೇಲಿನ ಮೆಟ್ಟಿಲಲ್ಲಿ ನಿಂತು ಗಾಳಿಯಲ್ಲಿ ಕೈ ಆಡಿಸುತ್ತಿದ್ದಳು.

"ಏನೇ ಅದು?"

"ಏನಿಲ್ಲ. ಒದ್ದೆಯಾಗ್ತದೆ, ಕೈಗೆ ಮಾತ್ರ ಸಿಕ್ಕಲ್ಲ."

ಆಮೇಲೆ ತಾನಾಗಿ ಹೇಳಿದಳು. ಅವಳು ಏಳೆಂಟು ವರ್ಷದವಳಿದ್ದಾಗ ಹುಣಸೆ ತೋಪಿನಲ್ಲಿ ಆಲಿಕಲ್ಲು ಮಳೆ ಬಿತ್ತಂತೆ. ಒಂದು ಹಿಡಿ ಆರಿಸಿ ಅವ್ವನಿಗೆ ತೋರಿಸಬೇಕು ಎಂದು ಲಂಗದ ಅಂಚಿಗೆ ಗಂಟು ಹಾಕಿಕೊಂಡು ಓಡಿದಳಂತೆ. ಮನೆಗೆ ಬಂದು ಬಿಚ್ಚಿದರೆ ಏನೂ ಇಲ್ಲ, ಒದ್ದೆ ಮಾತ್ರ. ಲಂಗದಲ್ಲಿ ಉಚ್ಚೆ ಹುಯ್ದುಕೊಂಡು ಸುಳ್ಳು ಹೇಳುತ್ತೀಯಾ ಎಂದು ಅವ್ವ ಸೌಟಿನಲ್ಲಿ ಬಾರಿಸಿದಳಂತೆ.

"ಕರಗ್ದೆ ಇರೋ ಜಾಗ ಅಂತ ಒಂದಿದ್ಯಲ್ಲಾ, ಅದನ್ನ ಒಂದ್ಸಲ ಕೈಯಲ್ಲಿ ಹಿಡ್ಕಂಡು ನೋಡ್ಬೇಕು" ಎಂದಳು.

ಇದಾ ಕೇದಾರಕ್ಕೆ ಹೋಗುವ ಕಾರಣ? ಈಶ್ವರ ಬೇಡ, ಪುಣ್ಯ ಬೇಡ, ಮಂಜುಗಡ್ಡೆ! ದೇವನಹಳ್ಳಿಯ ಸೋಡಾ ಅಂಗಡಿಯಲ್ಲಿ ಮರದ ಹೊಟ್ಟಿನಲ್ಲಿ ಹೂತಿಟ್ಟಿರುತ್ತಾರೆ, ಕಾಸಿಗೆ ಒಂದು ತುಂಡು ಎಂದೆ. ಅವಳು ಮುಂದೆ ಹೋಗಿಬಿಟ್ಟಳು. ಬುತ್ತಿ ಅವಳ ತಲೆಯ ಮೇಲಿದ್ದುದರಿಂದ ನಾನೂ ಹತ್ತಬೇಕಾಯಿತು.

ಫೆಬ್ರವರಿ 15

ಮಂಡಿ.

ಮಾರ್ಚ್ 17. ವರ್ಷದ ತೊಡಕು

ನೆನ್ನೆ ಯುಗಾದಿಯ ಹೋಳಿಗೆ. ಇವತ್ತು ತೊಡಕಿನ ಬಾಡು. ತೊಡಕಿನ ದಿನ ಮಾಡಿದ್ದೇ ವರ್ಷವೆಲ್ಲ ಎಂದು ನಮ್ಮ ಸೀಮೆಯಲ್ಲಿ ಅವತ್ತು ಎಲ್ಲರೂ ಜೂಜಿಗೆ ಕೂರುತ್ತಾರೆ. ಪಿಳ್ಳಪ್ಪನ ತೋಟದಲ್ಲಿ ಸೇರಿದ್ದೆವು. ಇಪ್ಪತ್ತು ಗಂಡಸರು ಒಂದೇ ಕಡಾಯಿಯ ಸುತ್ತ ಕೂತು ಮೂಳೆ ಚೀಪುವ ಸದ್ದು ಕೇಳಿದರೆ ಮನುಷ್ಯ ಜಾತಿಯ ಮೇಲೆ ಜಿಗುಪ್ಸೆ ಬರುತ್ತದೆ. ಪಿಳ್ಳಪ್ಪ ಗಡ್ಡದ ಮೇಲೆ ಕೊಬ್ಬು ಇಳಿಸಿಕೊಂಡು, ಚೀಪಿದ ಮೂಳೆಯಿಂದ ನನ್ನನ್ನು ತೋರಿಸಿದ.

"ಏನ್ಲಾ ವೆಂಕ್ಟ್ರಾಯ, ಫೆಬ್ರವರೀಲಿ ನಂದಿ ಮೇಲೆ ನೀನು ಮೆಟ್ಲಿಗೊಂದ್ಸಲ ಕೂತೆಯಂತೆ?"

"ನೋಟ ನೋಡ್ತಿದ್ದೆ ಕಣೋ."

"ಮಂಜಿನಾಗೆ? ಲೇ, ಕೇದಾರ್ದಲ್ಲಿ ನಿನ್ನ ಹೊರೋಕೆ ಕುದ್ರೆ ಮಾಡ್ಬೇಕೋ, ನಾಕು ಜನ ಮಾಡ್ಬೇಕೋ, ಈಗ್ಲೇ ಹೇಳ್ಬಿಡು."

ಎಲ್ಲರೂ ನಕ್ಕರು. ನಾಲ್ಕು ಜನ ಹೊರುವುದು ಯಾವಾಗ ಎಂದು ಯಾರಿಗೆ ಗೊತ್ತಿಲ್ಲ? ನಾನು ಎದ್ದು ನಿಂತು ಲೆಕ್ಕ ಹೇಳಿದೆ. ಕೇದಾರ ಎಂದರೆ ಎರಡು ನಂದಿ, ಅಷ್ಟೇ. ಒಂದೇ ದಿನದಲ್ಲಿ ಎರಡು ಸಲ ನಂದಿ ಹತ್ತಿದವನು ಕೇದಾರ ಹತ್ತಿದ ಹಾಗೆಯೇ.

"ಹತ್ತೀಯಾ?"

"ಹತ್ತೀನಿ."

"ಬೆಟ್ಟಕ್ಕೆ ಬೆಟ್ಟು. ಹೊತ್ತು ಮುಳುಗೋದ್ರೊಳ್ಗೆ ಎರಡು ಸಲ ಹತ್ತಿ ಎರಡು ಸಲ ಮೇಲಿನ ದೇವ್ರ ವಿಭೂತಿ ತಂದು ನನ್ ಕೈಗಿಟ್ರೆ, ನೀನೂ ನಿನ್ನ ಹೆಂಡ್ತೀನೂ ಕೇದಾರಕ್ಕೆ ನನ್ ಖರ್ಚಲ್ಲಿ ಬನ್ನಿ. ಆಗ್ದಿದ್ರೆ?"

ಆಗದಿದ್ದರೆ ನಾನು ಏನೋ ಸ್ವಲ್ಪ ಕೊಡಬೇಕು ಎಂದು ಮಾತಾಯಿತು. ಸೋಲುವ ಪ್ರಶ್ನೆಯೇ ಇಲ್ಲದ್ದರಿಂದ ಅದನ್ನು ಬರೆದು ಶಾಯಿ ಹಾಳು ಮಾಡುವುದಿಲ್ಲ. ತೊಡಕಿನ ಬಾಜಿಯನ್ನು ಹಿಂದಕ್ಕೆ ತೆಗೆದರೆ ಇಬ್ಬರಿಗೂ ವರ್ಷವಿಡೀ ದರಿದ್ರ. ಕೈಗೆ ಕೈ ಹೊಡೆದೆವು. ಅವನ ಅಂಗೈ ಜಿಡ್ಡು ಇನ್ನೂ ಹೋಗಿಲ್ಲ.

ಮನೆಯಲ್ಲಿ ಐವತ್ತು ರೂಪಾಯಿ ಬಾಜಿ ಎಂದು ಹೇಳಿದ್ದೇನೆ. ನಮ್ಮವಳು, "ಐವತ್ತಾ!" ಎಂದು ಎದೆಯ ಮೇಲೆ ಕೈ ಇಟ್ಟುಕೊಂಡಳು.

ಮಾರ್ಚ್ 26

ಬರೆಯುವುದಕ್ಕೆ ಮನಸ್ಸಿಲ್ಲ. ಆದರೆ ಬಾಯಿ ಬಿಟ್ಟು ಬೈಯುವುದಕ್ಕೂ ಆಗದೆ ಕೂತಿದ್ದೇನೆ.

ಮೊದಲನೆಯ ನಂದಿ ಹೂವಿನ ಹಾಗೆ ಹತ್ತಿದೆ. ಕೆಳಗೆ ಮರದ ನೆರಳಲ್ಲಿ ಚಾಪೆ ಹಾಸಿಕೊಂಡು ಇಸ್ಪೀಟು ಆಡುತ್ತಿದ್ದ ಪಿಳ್ಳಪ್ಪನ ಕೈಗೆ ವಿಭೂತಿಯ ಪೊಟ್ಟಣ ಇಟ್ಟಾಗ ಅವನ ಮುಖ ನೋಡಬೇಕಿತ್ತು. ಎರಡನೆಯದಕ್ಕೆ ಬಿಸಿಲು ಏರಿತ್ತು. ನಮ್ಮವಳು ಮಜ್ಜಿಗೆಯ ಚೊಂಬು ಹಿಡಿದು ಎರಡು ಸಲವೂ ಜೊತೆಗೆ ಬಂದಳು. ಬೇಡ ಎಂದಿದ್ದೆ.

ಅರ್ಧ ದಾರಿಯಲ್ಲಿ ಎದೆಯೊಳಗೆ ಯಾರೋ ಹುಣಸೆ ಕುಟ್ಟುವುದಕ್ಕೆ ಶುರು ಮಾಡಿದರು. ಕಣ್ಣ ಮುಂದೆ ಹಳದಿ. ಕೂತೆ. ಕೂತದ್ದೇ ತಡ, ಒಳಗಿದ್ದದ್ದೆಲ್ಲ ಮೂಗಿನಲ್ಲೂ ಬಾಯಲ್ಲೂ ಬಂತು. ನನ್ನ ಬೂಟಿನ ಮೇಲೆ, ನನ್ನ ಪಂಚೆಯ ಮೇಲೆ. ಆ ನಾತ ನನ್ನದೇ ಎಂದು ತಿಳಿದ ಮೇಲೆ ಮತ್ತೆ ಬಂತು. ಒಂದು ಕೋತಿ ಹತ್ತಿರ ಬಂದು ನೋಡಿ, ಅದಕ್ಕೂ ಬೇಡವಾಗಿ ಹೋಯಿತು. ಇವಳು ಸೆರಗಿನಿಂದ ನನ್ನ ಬಾಯಿ ಒರೆಸಿದಳು. ಸೆರಗಿನಿಂದ! ಅದೇ ಸೆರಗನ್ನು ಒಂದು ಸಲ ಕೊಡವಿ ಸೊಂಟಕ್ಕೆ ಸಿಕ್ಕಿಸಿಕೊಂಡಳು.

"ಇಲ್ಲೇ ನೆಳ್ಳಲ್ಲಿ ಕೂತಿರಿ. ದೇವ್ರಿಗೆ ಹೊರಟು ಅರ್ಧಕ್ಕೆ ತಿರುಗ್ಬಾರ್ದು. ನಾನು ಹೋಗಿ ಬರ್ತೀನಿ" ಎಂದು ಹೋದಳು.

ನನಗೆ ಒಂದು ಜೊಂಪು ಹತ್ತಿ ಕಣ್ಣು ಬಿಡುವುದರೊಳಗೆ ಅವಳು ಮುಂದೆ ನಿಂತಿದ್ದಳು. ಬೆವತಿದ್ದಳು ನಿಜ, ಬಾಯಲ್ಲಿ ಉಸಿರು ಬಿಡುತ್ತಿರಲಿಲ್ಲ. ನನ್ನ ಹಣೆಗೆ ವಿಭೂತಿ ಹಚ್ಚಿ, ಉಳಿದ ಪೊಟ್ಟಣ ಕೈಯಲ್ಲಿಟ್ಟಳು.

ಆಗ ಹೊಳೆಯಿತು. ಪೊಟ್ಟಣ ಪೊಟ್ಟಣವೇ. ಯಾರು ತಂದರು ಎಂದು ವಿಭೂತಿಯ ಮೇಲೆ ಬರೆದಿದೆಯೇ? ಇಳಿದು ಹೋಗಿ ಪಿಳ್ಳಪ್ಪನ ಚಾಪೆಯ ಮೇಲೆ ಎಸೆದೆ. "ತಗೋ ನಿನ್ನ ಕೇದಾರ!"

ಅವನ ಬಾಯಿ ತೆರೆದದ್ದು ತೆರೆದ ಹಾಗೇ ಇತ್ತು. ಇಸ್ಪೀಟು ಕೆಳಗಿಟ್ಟ. ಗೆದ್ದೇ ಬಿಟ್ಟಿದ್ದೆ. ಅಷ್ಟರಲ್ಲಿ ಅವನು ನನ್ನ ಪಂಚೆಯ ಮೇಲಿನ ಕಲೆ ನೋಡಿ, ಇವಳ ಕಡೆ ತಿರುಗಿದ.

"ಏನವ್ವಾ ಮುನಿತಾಯವ್ವ, ನಿನ್ ಗಂಡ ಮ್ಯಾಕೆ ಹತ್ತಿದ್ನಾ?"

ಒಂದು ಮಾತು. ಹೂಂ ಎಂದರೆ ಸಾಕಿತ್ತು. ತಲೆ ಆಡಿಸಿದ್ದರೆ ಸಾಕಿತ್ತು. ಕೇದಾರ, ರೈಲು, ಬಸ್ಸು, ಅವಳ ಹಿಮ ಎಲ್ಲ ಆ ಒಂದು ಹೂಂನಲ್ಲಿತ್ತು. ನಾನು ಹುಬ್ಬು ಹಾರಿಸಿದೆ, ಕಣ್ಣು ಬಿಟ್ಟೆ, ಕೆಮ್ಮಿದೆ.

ಅವಳು ನೆಲ ನೋಡಿಕೊಂಡು, "ಇನ್ನೂ ವಿಭೂತಿ ಕೈಯಲ್ಲಿದೆ ಕಣಣ್ಣ. ನನ್ ಕೈಲಿ ಸುಳ್ಳು ಹೇಳಿಸ್ಬೇಡಿ" ಎಂದಳು.

ಚಾಪೆಯ ಮೇಲಿದ್ದವರೆಲ್ಲ ಹೊರಳಾಡಿ ನಕ್ಕರು. "ಅಂದ್ರೆ ಆಯವ್ವ ಎರಡು ಸಲ ಹತ್ತೈತೆ!" ಎಂದು ಒಬ್ಬ ಕೂಗಿದ. "ಹಂಗಾದ್ರೆ ಗೆದ್ದೋಳು ಆಯವ್ವ ಅಲ್ವೇನೋ ಪಿಳ್ಳಪ್ಪ?"

"ಬಾಜಿ ನನ್ದೂ ಇವನ್ದೂ. ಆಯವ್ವಂದಲ್ಲ" ಎಂದ ಪಿಳ್ಳಪ್ಪ. ನನ್ನ ಕಿವಿಯ ಹತ್ತಿರ ಬಂದು, "ತೊಡಕಿನ ಮಾತು ಕಣೋ ಗುರು. ಬಿಟ್ಟುಕೊಟ್ರೆ ನನ್ ವರ್ಷ ಕೆಡ್ತದೆ" ಎಂದ. ಅವನ ಉಸಿರಿನಲ್ಲಿ ಹಳೇ ಬೆಳ್ಳುಳ್ಳಿ.

ಬಸ್ಸಿನಲ್ಲಿ ಇವಳು, "ಹೋಗ್ಲಿ ಬಿಡಿ, ಐವತ್ತು ತಾನೆ" ಎಂದಳು. ಕಿಟಕಿಯ ಕಡೆ ತಿರುಗಿ ಕೂತೆ.

ಮಾರ್ಚ್ 27

ಹಣ ಕೊಟ್ಟು ಬಂದೆ. ಅವನು ಎಂಜಲು ಹಚ್ಚಿ ಹಚ್ಚಿ ಎಣಿಸಿದ.

ಏಪ್ರಿಲ್ 2

ಪೆಟ್ಟಿಗೆಯಲ್ಲಿ ಈಗ ಒಬ್ಬರು ಹೋಗಿ ಬರುವಷ್ಟು ಹಣ ಉಳಿದಿದೆ. ಒಬ್ಬರು ಎಂದ ಮೇಲೆ ಯಾರು ಎಂದು ಕೇಳುವ ಅಗತ್ಯವಿಲ್ಲ. ಯಜಮಾನ ಹೋಗಬೇಕು. ಹಣ ಹೋದದ್ದು ಅವಳ ಬಾಯಿಯಿಂದ. ಸತ್ಯ ಹೇಳುವ ಹುಕಿ ಬಂದವರು ಸತ್ಯದ ಬೆಲೆ ಕಟ್ಟಲಿ.

ಅವಳಿಗೆ, ರೈಲು ಚಾರ್ಜು ಎರಡರಷ್ಟಾಗಿದೆ, ಇರುವ ಹಣ ಒಬ್ಬರಿಗೇ ಸಾಲುವುದು ಎಂದು ಹೇಳಿದೆ. ಎಷ್ಟು ಚೆನ್ನಾಗಿ ಹೇಳಿದೆನೆಂದರೆ ರೈಲ್ವೆಯವರ ಮೇಲೆ ನನಗೇ ಸಿಟ್ಟು ಬಂತು.

ಅವಳು ಕುಟ್ಟುವುದನ್ನು ನಿಲ್ಲಿಸಲಿಲ್ಲ. "ಹಂಗಾದ್ರೆ ನೀವು ಹೋಗ್ಬನ್ನಿ. ಕೋಟಿನ ಗುಂಡಿ ಒಂದು ಕಿತ್ತೋಗಿದೆ, ಹಾಕ್ಕೊಡ್ತೀನಿ."

ಇಷ್ಟೇ. ಹೆಂಗಸಾದವಳು ಒಂದು ಪಾತ್ರೆಯನ್ನಾದರೂ ಕುಕ್ಕಬೇಡವೇ? ಅತ್ತು ಕರೆದು, ಅವ್ವನ ಮನೆಗೆ ಹೋಗುತ್ತೇನೆ ಎಂದಿದ್ದರೆ ನಾಲ್ಕು ಬೈದು ನೆಮ್ಮದಿಯಾಗಿ ಉಣ್ಣುತ್ತಿದ್ದೆ. ತಟ್ಟೆ ಇಟ್ಟಳು. ಸಾರಿನ ಮೇಲೆ ಒಗ್ಗರಣೆಯ ಎಣ್ಣೆ ತೇಲುತ್ತಿತ್ತು. ಎದ್ದುಬಿಟ್ಟೆ.

ಏಪ್ರಿಲ್ 6

ಸೈಕಲ್ಲನ್ನು ದೇವನಹಳ್ಳಿಯಲ್ಲಿ ರಿಪೇರಿಗೆ ಬಿಟ್ಟು ಬಂದೆ. ನಡೆದೇ ಬಂದೆ. ಅಭ್ಯಾಸವೂ ಆಯಿತು. ದಾರಿಯಲ್ಲಿ ಸತ್ತ ನಾಯಿ. ಎಲ್ಲರೂ ಮೂಗು ಮುಚ್ಚಿಕೊಂಡು ದಾಟುತ್ತಾರೆ, ಒಬ್ಬನೂ ಎಳೆದು ಹಾಕುವುದಿಲ್ಲ. ನಾನೂ ದಾಟಿದೆ.

ಏಪ್ರಿಲ್ 10

ಬೆಳಗಿನ ಜಾವ ಬಯಲ ಕಡೆಗೆ ಹೋದವನು ನೋಡುತ್ತೇನೆ, ಕೆರೆ ಏರಿಯ ಮೇಲೆ ಯಾರೋ ತಲೆಯ ಮೇಲೆ ಮೂಟೆ ಹೊತ್ತು ಸರಸರ ನಡೆಯುತ್ತಿದ್ದಾರೆ. ತುದಿಯವರೆಗೆ ಹೋಗಿ ತಿರುಗಿ ಬರುತ್ತಾರೆ, ಮತ್ತೆ ಹೋಗುತ್ತಾರೆ. ಹುಚ್ಚು ಹಿಡಿದವರು ಎಂದುಕೊಂಡೆ. ಮುನಿತಾಯಿ. ತಲೆಯ ಮೇಲೆ ನಮ್ಮ ಹಾಸಿಗೆಯ ಸುರುಳಿ. ಫೆಬ್ರವರಿಯಿಂದ ದಿನಾ ಹೀಗೇ ನಡೆಯುತ್ತಿದ್ದಾಳೆ ಎಂದು ಎಮ್ಮೆ ಹೊಡೆದುಕೊಂಡು ಬಂದವನು ಹೇಳಿದ. ಊರಿಗೆಲ್ಲ ಗೊತ್ತು.

"ಹೋಗೋದಿಲ್ಲ ಅಂದ್ಮೇಲೂ ಇದೇನೇ ನಾಟ್ಕ?"

"ಹೋಗ್ದೆ ಇರೋರು ನಡೀಬಾರ್ದಾ?"

ಹಿಮ್ಮಡಿಯ ಒಡಕಿನಲ್ಲಿ ಕೆಸರು ತುಂಬಿಕೊಂಡಿತ್ತು. ಒಂದರಲ್ಲಿ ರಕ್ತ. ಅಸಹ್ಯ. ಇಂಥ ಕಾಲು ಇಟ್ಟುಕೊಂಡು ಯಾರಾದರೂ ಹಿಮದ ಮೇಲೆ ನಿಂತರೆ ಬೆರಳು ಉದುರಿಹೋಗುತ್ತವೆ ಎಂದು ಭಾಗ್ಯ ಪುಸ್ತಕದಲ್ಲಿ ಓದಿ ಹೇಳಿದ್ದಳು. ಸಾಯಂಕಾಲ ಬೇವಿನೆಣ್ಣೆಯ ಬಾಟಲಿ ತಂದು ಒಲೆಯ ಪಕ್ಕ ಇಟ್ಟೆ. ನೋಡುವುದಕ್ಕೆ ಆಗುವುದಿಲ್ಲ, ಅದಕ್ಕೆ.

ಏಪ್ರಿಲ್ 12

ಗಡಿಯಾರವೂ ನಿಂತಿದೆ. ಅದನ್ನೂ ರಿಪೇರಿಗೆ ಕೊಟ್ಟೆ. ಅಂಗಡಿಯವನು ಕಿವಿಯ ಗುಗ್ಗೆ ತೆಗೆದ ಕಡ್ಡಿಯಿಂದಲೇ ಅದರ ಬೆನ್ನು ಬಿಚ್ಚಿ ನೋಡಿದ. ಅವನಿಗೆ ಇನ್ನೊಂದು ಮಾತು ಹೇಳುವುದಕ್ಕೂ ಹೇಸಿಗೆಯಾಗಿ, ಅವನು ಹೇಳಿದ್ದಕ್ಕೇ ಹೂಂ ಎಂದೆ.

ಏಪ್ರಿಲ್ 22

ಕಾಲರಾ ಇಂಜೆಕ್ಷನ್ನಿನ ಸರ್ಟಿಫಿಕೇಟ್ ಇಲ್ಲದೆ ಅಲ್ಲಿ ಬೆಟ್ಟ ಹತ್ತಲು ಬಿಡುವುದಿಲ್ಲವಂತೆ. ದೇವನಹಳ್ಳಿಗೆ ಹೋದೆ. ಇವಳನ್ನೂ ಕರೆದುಕೊಂಡು ಹೋದೆ. ಊರಿನಲ್ಲಿ ಕಾಲರಾ ಬರುವ ಸೂಚನೆ ಇದೆ, ಹಾಕಿಸಿಕೊಂಡಿರಲಿ ಎಂದು. ಬೇಸಿಗೆ ಎಂದ ಮೇಲೆ ಕಾಲರಾ ಎಲ್ಲಿ ಬರುವುದಿಲ್ಲ?

ಡಾಕ್ಟರು ಒಬ್ಬರ ತೋಳಿನಿಂದ ತೆಗೆದ ಸೂಜಿಯನ್ನು ಬಿಸಿನೀರಿನಲ್ಲಿ ಅದ್ದಿ ಇನ್ನೊಬ್ಬರ ತೋಳಿಗೆ ಚುಚ್ಚುತ್ತಾ, ಮುಖ ಎತ್ತದೆ ಮೊಹರು ಒತ್ತುತ್ತಿದ್ದರು. ನನ್ನ ಮುಂದಿನವನ ತೋಳಿನಲ್ಲಿ ಕಜ್ಜಿ. ಅದೇ ನೀರು, ಅದೇ ಸೂಜಿ. ಕಣ್ಣು ಮುಚ್ಚಿದೆ.

"ಸ್ವಾಮಿ, ನಾನು ಕೇದಾರ ಹತ್ತಬಹುದಾ?" ಎಂದು ಕೇಳಿದೆ.

"ಹತ್ರಿ, ಯಾರು ಬೇಡ ಅಂದ್ರು?" ಎಂದು ಮೊಹರು ಒತ್ತಿದರು.

ಬೇಡ ಎನ್ನುವುದಕ್ಕೇನಾಗಿತ್ತು ಅವರಿಗೆ? ಎದೆಗೆ ಆ ಕೊಳವೆಯನ್ನು ಇಟ್ಟು ಒಂದು ಸಲ ಕೇಳಬಾರದಿತ್ತೇ? ಸರ್ಕಾರದ ಸಂಬಳ ತಿಂದು ಒಂದು ಬೇಡ ಹೇಳಲಾರದವರು.

ದಾರಿಯಲ್ಲಿ ಮುನಿತಾಯಿಯ ತೋಳು ಊದಿ ಜ್ವರ ಬಂತು. ಅವಳ ತಲೆಯ ಮೇಲಿದ್ದ ಬುಟ್ಟಿಯನ್ನು ನಾನು ಹೊತ್ತುಕೊಂಡೆ. ಯಾರಾದರೂ ನೋಡುತ್ತಾರೆಂದು ಊರು ಹತ್ತಿರವಾದಾಗ ಕೊಟ್ಟುಬಿಟ್ಟೆ. ಕೊಟ್ಟ ಮೇಲೆ ಮತ್ತೆ ತೆಗೆದುಕೊಂಡೆ. ಅವಳು ನಡೆಯುವುದು ನಿಧಾನವಾಗಿತ್ತು, ಬಿಸಿಲಿನಲ್ಲಿ ಕಾಯುವವರು ಯಾರು.

ಏಪ್ರಿಲ್ 28

ಪಿಳ್ಳಪ್ಪನ ಮನೆಗೆ ಹೋಗಿ ಒಂದು ಸೀಟಿನ ಹಣ ಕಟ್ಟಿದೆ. ನನ್ನ ಹೆಸರು ಬರೆಯುತ್ತಿದ್ದ. ಹೊಡೆದು ಹಾಕು ಎಂದೆ.

"ಯಾಕ್ಲಾ?"

"ಡಾಕ್ಟ್ರು ಬೇಡ ಅಂದ್ರು."

"ಮತ್ತೆ ಯಾರ್ದು ಬರೀಲಿ?"

"ಎರಡು ನಂದಿ ಹತ್ತಿದವರ್ದು ಬರಿ."

ಅವನು ನನ್ನ ಮುಖವನ್ನೇ ನೋಡಿದ. ನಗುತ್ತಾನೆ, ನಕ್ಕರೆ ಕಪಾಳಕ್ಕೆ ಬಿಡೋಣ ಎಂದು ಕೈ ಬಿಗಿ ಮಾಡಿಕೊಂಡೆ. ನಗಲಿಲ್ಲ. "ನಮ್ಮಕ್ಕ ನರಸಮ್ಮನೂ ಬರ್ತಾಳೆ. ಇಬ್ರೂ ಜೊತೆಗಿರ್ತಾರೆ ಬಿಡು" ಎಂದು, ಒಂದು ಚಕ್ಕೋತ ಸುಲಿದು ಕೊಟ್ಟ. ಕಹಿ ಇತ್ತು. ಅವನ ಮರದ್ದು ಇನ್ನೇನಿರುತ್ತದೆ.

ಮುನಿತಾಯಿಗೂ ಡಾಕ್ಟರ ಮಾತನ್ನೇ ಹೇಳಿದೆ. ಪಕ್ಕದಲ್ಲೇ ನಿಂತು ಕೇಳಿಸಿಕೊಂಡವಳು ಅವಳು. ಡಾಕ್ಟರು ಏನೆಂದರು ಎಂದು ಅವಳಿಗೆ ಗೊತ್ತು. ಬಾಯಿ ತೆರೆದಳು, ಮುಚ್ಚಿಕೊಂಡಳು. ವಿಭೂತಿ ಕೈಯಲ್ಲಿಲ್ಲದಿದ್ದರೆ ಇವಳೂ ಸುಮ್ಮನಿರಬಲ್ಲಳು.

ಮೇ 3

ಚಮ್ಮಾರನ ಹತ್ತಿರ ನನ್ನ ಬೂಟನ್ನು ಅವಳ ಅಳತೆಗೆ ಮಾಡಿಸುವುದಕ್ಕೆ ಹೋದರೆ, ದೊಡ್ಡದನ್ನು ಚಿಕ್ಕದು ಮಾಡಲು ಬರುವುದಿಲ್ಲ ಸ್ವಾಮಿ ಎಂದು ಹಳೇ ಕಂಬಳಿಯ ಚೂರು ತುಂಬಿ ಕೊಟ್ಟ. ಆ ಬೂಟಿನಲ್ಲಿ ಇನ್ನೂ ನನ್ನ ಮಾರ್ಚ್ ತಿಂಗಳ ನಾತ ಇತ್ತು. ಬಾವಿಕಟ್ಟೆಯ ಮೇಲೆ ಕೂತು ತೆಂಗಿನ ನಾರು ಹಾಕಿ ಉಜ್ಜಿದೆ. ಹೊಲಿಗೆಯ ಸಂದಿನಲ್ಲಿ ಅನ್ನದ ಅಗುಳು. ಉಜ್ಜಿದೆ. ನೀರು ಸೇದಲು ಬಂದ ಹೆಂಗಸರು, "ಏನ್ ಮಾವ, ಹೆಂಡ್ತಿ ಬೂಟು ತೊಳೀತೀಯಾ?" ಎಂದರು. ನನ್ನ ಬೂಟೇ ಕಣ್ರೇ ಎಂದೆ. ಹೇಗೂ ನಿಜವೇ.

ಎತ್ತರದಲ್ಲಿ ಉಸಿರು ಕಟ್ಟಿದರೆ ಮೂಸಲು ಕರ್ಪೂರ ಕಟ್ಟಿ ಕೊಟ್ಟೆ. ನಿಧಾನ ನಡಿ, ನೋಟ ನೋಡುವ ನೆಪದಲ್ಲಿ ನಿಂತುಕೋ ಎಂದು ಹೇಳಿಕೊಟ್ಟೆ. ನಕ್ಕಳು. ಯಾಕೋ.

ಮೇ 8

ದೇವನಹಳ್ಳಿಯ ಬಸ್ ಸ್ಟ್ಯಾಂಡಿನಲ್ಲಿ ಹತ್ತಿಸಿದೆ. ಬೆಂಗಳೂರು ಸ್ಟೇಷನ್ನಿನವರೆಗೆ ಹೋಗೋಣವೆಂದಿದ್ದೆ. ಬಸ್ಸಿನ ಒಳಗೆ ಹತ್ತು ಜನರ ಹಾಸಿಗೆ, ಅವರೆಕಾಳಿನ ಗಂಟು, ವಾಂತಿಗೆಂದು ಕೈಯಲ್ಲಿ ಹಿಡಿದ ನಿಂಬೆಹಣ್ಣು, ಎಣ್ಣೆ ಹಾಕಿದ ತಲೆಗಳು. ಆ ಗಬ್ಬಿಗೆ ಮೂಗು ಕೊಡಲಾರದೆ ಇಳಿದುಬಿಟ್ಟೆ. ಕರ್ನಲ್ಲನ ಕೋಟು ಅವಳ ಮಡಿಲಲ್ಲಿ ಮಡಿಸಿಟ್ಟಿತ್ತು. ಅದೊಂದೇ ಆ ಬಸ್ಸಿನಲ್ಲಿ ವಾಸನೆ ಇಲ್ಲದ ಪದಾರ್ಥ.

ಕಿಟಕಿಯಿಂದ ಕೇಳಿದಳು. "ಸೈಕಲ್ ರಿಪೇರಿಯಿಂದ ಬಂತಾ?"

"ಬರ್ತದೆ. ಚೈನು ಸಿಕ್ಕಿಲ್ವಂತೆ."

"ಬರ್ದಿದ್ರೆ ಬೇಡ ಬಿಡಿ. ಮುಂದಿನ ಸುಗ್ಗಿ ಹುಣ್ಸೇಲಿ ಇನ್ನೊಂದು ತಗೊಳ್ಳೋಣ. ಗಡಿಯಾರ ಆಮೇಲೆ. ಉಡಿದಾರ ನಿಧಾನಕ್ಕೆ ನೋಡಣ."

ಸೀಟಿಗಾಗಿ ಸೊಂಟದ ಬೆಳ್ಳಿ ಉಡಿದಾರವನ್ನೂ ಮಾರಿದ್ದನ್ನು ನಾನು ಈ ಪುಸ್ತಕದಲ್ಲೂ ಬರೆದಿರಲಿಲ್ಲ. ಪಿಳ್ಳಪ್ಪನ ಅಕ್ಕ ನರಸಮ್ಮ ಪಕ್ಕದ ಸೀಟಿನಲ್ಲಿ ಕೂತು ಎಲೆಗೆ ಸುಣ್ಣ ಹಚ್ಚುತ್ತಾ, ಬಾಜಿಯ ಒಂದೊಂದು ಕಾಸನ್ನೂ ತಾನೇ ಎಣಿಸಿದವಳ ಹಾಗೆ ನನ್ನನ್ನು ನೋಡುತ್ತಿದ್ದಳು. ಆ ಮನೆಯವರ ಬಾಯಲ್ಲಿ ಏನು ನಿಲ್ಲುತ್ತದೆ?

"ಬಾಜಿ ಎಷ್ಟು ಅಂತ ಯಾವಾಗ ಗೊತ್ತಾಯ್ತು?" ಎಂದೆ.

"ತೊಡಕಾದ ಮಾರ್ನೇ ಸಂತೇಲಿ."

ಬೆಟ್ಟಕ್ಕಿಂತ ಮುಂಚೆ! ಅಷ್ಟೂ ಗೊತ್ತಿದ್ದು ಅವತ್ತು ಆ ಚಾಪೆಯ ಮುಂದೆ ನಿಂತಿದ್ದಳು. ಅಷ್ಟೂ ಗೊತ್ತಿದ್ದು ಬಸ್ಸಿನಲ್ಲಿ ಐವತ್ತು ತಾನೆ ಎಂದಿದ್ದಳು. ಡ್ರೈವರು ಹೊರಗೆ ಬಗ್ಗಿ ಕೆಂಪಗೆ ಉಗಿದು ಗಾಡಿ ಬಿಟ್ಟ. ಅರ್ಧ ನನ್ನ ಪಂಚೆಗೆ ಬಿತ್ತು. ಬೈಯುವುದಕ್ಕೂ ತೋಚಲಿಲ್ಲ.

ನಲ್ಲೂರಿಗೆ ನಡೆದುಕೊಂಡು ಬಂದೆ. ಭಾಗ್ಯ ಅನ್ನಕ್ಕೆ ಇಟ್ಟಿದ್ದಾಳೆ. ಮನೆಯಲ್ಲಿ ಕುಟ್ಟುವ ಸದ್ದಿಲ್ಲದೆ ಕಿವಿ ಗುಯ್ಯೆನ್ನುತ್ತಿದೆ.

ಮುನಿತಾಯಿಗೆ ಐವತ್ತು ಎಂದೆ. ಭಾಗ್ಯ ಕೇಳಿದಾಗ ನೂರು ಎಂದೆ. ಈ ಪುಸ್ತಕಕ್ಕೆ, ಒಂದು ಸೀಟಿನ ಹಣ ಉಳಿಯಿತು ಎಂದು ಬರೆದೆ. ಬರೆಯುವವನೂ ನಾನು, ಓದುವವನೂ ನಾನು. ಇಲ್ಲಿ ಯಾರಿಗೆ ಟೋಪಿ ಹಾಕುತ್ತಿದ್ದೆ? ಥೂ ನನ್ನ ಮುಖಕ್ಕೆ. ಪೆಟ್ಟಿಗೆಯಲ್ಲಿ ಏನೂ ಉಳಿದಿರಲಿಲ್ಲ. ಪಿಳ್ಳಪ್ಪ ಎಂಜಲು ಹಚ್ಚಿ ಎಣಿಸಿದ್ದು ಎರಡು ಸೀಟಿನದನ್ನೂ, ಅವಳು ಐದು ಸುಗ್ಗಿ ಕುಟ್ಟಿದ್ದಷ್ಟನ್ನೂ. ಎಂಟುನೂರ ಅರವತ್ತು ರೂಪಾಯಿ.